ರಿಪೇರಿಗೆ ಬಂದ ಕತ್ತಿಯ ಪುಸ್ತಕ

ಅಂಟು ಕಾಯಿಸುತ್ತಿದ್ದೆ. ಜಾರುಬಾಗಿಲು ಸರಿಯಿತು.
ಯಾನಗಾವಾದ ಕಾಲುವೆಯಾಚೆಯ ತೆತ್ಸುರೊ,
ಆ ಕತ್ತಿಗುರುವಿನ ಕಡೇ ಶಿಷ್ಯ,
ಕೂಸಿನ ಹಾಗೆ ಬಟ್ಟೆಯಲ್ಲಿ ಸುತ್ತಿ ತಂದಿದ್ದ
ಹುಳ ತಿಂದ ಪುಸ್ತಕ.

ಹನ್ನೆರಡು ಪಟ್ಟು, ಹನ್ನೆರಡು ಚಿತ್ರ.
ಹದಿಮೂರಕ್ಕೆ ಚಿತ್ರವಿಲ್ಲ, ಒಂದೇ ಸಾಲು:
‘ಇದು ಬಾಯಿಂದ ಬಾಯಿಗೆ.’
ಗುರುವಿನ ಬಾಯಿ ಚಳಿಗಾಲದಲ್ಲೇ ಸೊಟ್ಟಗಾಗಿ
ಈಗ ಗಂಜಿಗಷ್ಟೇ ತೆರೆಯುತ್ತದಂತೆ.

“ಹೊದಿಕೆಯ ಒಳಗೇನಾದರೂ ಇರಬಹುದಾ, ಮಿನೆ ಅಜ್ಜೀ?”

ಹಬೆ ಹಿಡಿದೆ. ಬಿದಿರ ಕಡ್ಡಿಯಲ್ಲಿ ಪದರ ಬಿಡಿಸಿದೆ.
ಅವನು ಉಸಿರು ಬಿಡಲಿಲ್ಲ.
ಇತ್ತು, ಬರಹ ಇತ್ತು:
ದೀಪದೆಣ್ಣೆ ಎರಡು ಅಳತೆ, ಒಣಮೀನು,
ಬಾಕಿ ಮುಂದಿನ ತಿಂಗಳು.
ರದ್ದಿ ಕಾಗದ ಒತ್ತುಕೊಟ್ಟು ಹೊಲಿದಿದ್ದ
ಯಾರೋ ನನ್ನಂಥವನು.

ನಾನು ನಗಬಾರದಿತ್ತು.

ಪಾಪ, ಪುಟ ತಿರುವುತ್ತ ಕೂತ.
ಕಡೇ ಹಾಳೆ ಹೊಸ ಅಕ್ಕಿಯಷ್ಟು ಬೆಳ್ಳಗೆ.
ಮೊದಲನೆಯದರ ಮೂಲೆ ಮಾತ್ರ ಮಸಿಬಟ್ಟೆ,
ನಾಕು ತಲೆಮಾರಿನ ಹೆಬ್ಬೆರಳು.
ಅಲ್ಲಿ ಕತ್ತಿಯೇ ಇಲ್ಲ.
ಒಬ್ಬ ನಿಂತಿದ್ದಾನೆ, ಅಷ್ಟೆ.

“ಈ ಕೊಳೆ ತೆಗೆದುಕೊಡಲಾ?” ಅಂದೆ.
ಬಹಳ ಹೊತ್ತಿನ ಮೇಲೆ, ಬೇಡ ಅಂದ.

ಹೋಗುವಾಗ ಮೆಟ್ಟಿಲ ಬಳಿ ನಿಂತ,
ಚಪ್ಪಲಿ ಹಾಕದೆ, ಸುಮ್ಮನೆ.
ನೋಡುತ್ತಿದ್ದೆ.
ಒಲೆಯ ಮೇಲೆ ಅಂಟು ತಳ ಹಿಡಿದಿತ್ತು.