ಬಟಾಟಿಗೆ ಸೂಜಿ

ಹದಿನಾಲ್ಕು ಬ್ಯಾಂಡಿನ ಕೋಟು,
ಕೆಂಪು ಮಖಮಲ್ಲು, ಹೆಗಲಿಗೆ ಜರಿ ಜಾಲರಿ.
ಹೊಲಿದು ಕೊಟ್ಟೆ. ಲಗ್ನದ ಹಂಗಾಮ ಮುಗೀತು, ರೊಕ್ಕ ಬರಲಿಲ್ಲ.
ಬಂದದ್ದು ಈ ಪೆಟ್ಟಿಗಿ,
ಸೈಕಲ್ಲಿನ ಕ್ಯಾರಿಯರಿನ ಮ್ಯಾಲೆ, ಹಗ್ಗ ಕಟ್ಟಿಸಿಕೊಂಡು.
‘ಇಟಗೋರಿ ಮಾಸ್ತರ, ಮೈಕ್ರೋವೇವ್, ಹೊಸಾದರಂಗ ಅದ’
ಅಂದ ಬ್ಯಾಂಡಿನ ದುರ್ಗಪ್ಪ, ನನ್ನ ಚಪ್ಪಲಿ ನೋಡುತ್ತ.

ಎರಡು ವರ್ಷ ಅದರೊಳಗ
ಅಳತಿ ವಹಿ, ಬಕ್ರಂ ತುಂಡು, ಹಿತ್ತಾಳಿ ಗುಂಡಿ.
ಇಲಿ ಹೋಗಲಾರದ ಬಾಗಿಲು;
ಅದೊಂದೇ ಅದರ ಗುಣ ಅಂತ ತಿಳಿದಿದ್ದೆ.

ಹೋದ ಗುರುವಾರ ಮಹಾನಂದಾ ನಳದ ಕಟ್ಟಿ ಮ್ಯಾಲೆ ಜಾರಿದಳು.
ಬಲಗೈ ಈಗ ಸುಣ್ಣದ ಬಡಿಗಿ.
ದೋಶಿ ಡಾಕ್ಟರು ಆಕಿ ಕೈ ಕಟ್ಟಿದವರು
ಸುಮ್ಮನಿರದೆ ನನ್ನ ತೋಳಿಗೂ ಪಟ್ಟಿ ಸುತ್ತಿ ಗಾಳಿ ಊದಿದರು.
ಮುಳ್ಳು ಏರಿತು, ಅವರ ಹುಬ್ಬೂ ಏರಿತು.
‘ರೇವಣಪ್ಪಾ, ಎಣ್ಣಿ ಬಿಡು. ಉಪ್ಪು ಅರ್ಧಾ ಮಾಡು.’
ಊರಿನ ಎಲ್ಲರ ಎದೆ ಅಳೆದವನು ನಾನು,
ನನ್ನ ಎದೆಯ ಲೆಕ್ಕ ಇನ್ನೊಬ್ಬರ ಬಾಯಿಂದ ಕೇಳಿದೆ.

ಮೂರು ದಿನ ಖಾನಾವಳಿ ಡಬ್ಬಿ, ಮ್ಯಾಲೆ ಬೆರಳುದ್ದ ಕೆಂಪು ಎಣ್ಣಿ.
ನಾಕನೇ ದಿನ ಆಕಿ ಹಾಸಿಗಿಯಿಂದಲೇ ಹುಕುಂ ಮಾಡಿದಳು:
‘ಆ ಪೆಟ್ಟಿಗಿ ಖಾಲಿ ಮಾಡ್ರಿ.
ಒಳಗ ಒಂದು ಹುಕ್ಕು, ಒಂದು ಟಾಚಣಿ ಉಳಿಬಾರದು.’
ಬೆರಳು ಆಡಿಸಿ ಆಡಿಸಿ ನೋಡಿದೆ,
ಮದುಮಗನ ಶೇರವಾನಿಯ ಒಳಗೂ ಹಾಂಗ ನೋಡಿದವನಲ್ಲ.

ಮೂರು ಬಟಾಟಿ, ಒಂದೇ ಗಾತ್ರದವು.
ಅಂಗಡ್ಯಾಂವ ನಕ್ಕ: ಬಟಾಟಿಗೂ ಅಳತಿ ತಗೋತೀರೇನು?
ತೊಳೆದೆ. ಸಿಪ್ಪಿ ತೆಗೀಬ್ಯಾಡ್ರಿ, ಸತ್ವ ಅಲ್ಲೇ ಅದ, ಅಂದಳು.
ಚುಚ್ಚಬೇಕಂತ, ಇಲ್ಲಾಂದ್ರ ಒಳಗಿನ ಉಗಿ ಸಿಟ್ಟಿಗೇಳತದಂತ.
ಫೋರ್ಕು ನಮ್ಮ ಮನಿಯಾಗ ಎಲ್ಲಿದು?
ಕಂಬಳಿ ಹೊಲಿಯೋ ದಪ್ಪ ಸೂಜಿ ಕುದಿನೀರಾಗ ಅದ್ದಿ,
ಅಂಗುಸ್ತಾನ ಹಾಕ್ಕೊಂಡು ಕಚ್ಚಾ ಟಾಕಿ ಹಾಕಿದಂಗ
ಸುತ್ತಲೂ ಚುಚ್ಚಿದೆ. ಸಾಲು ನೆಟ್ಟಗ ಬಂತು.
ಕೈಗೆ ಗೊತ್ತಿದ್ದದ್ದು ಅದೊಂದೇ.

ಆದರ ಕರೆಂಟು?
ಪಕ್ಕದ ನರ್ಸಯ್ಯನ ಎಂಟು ಮಗ್ಗ ಕುಣಿಯೂ ತನಕ
ಸಾಖರ ಪೇಠದ ನಮ್ಮ ಗಲ್ಲಿಯೊಳಗ ಬಲ್ಬು ಅರ್ಧಾ ಕಣ್ಣು ತೆರದಿರತದ.
ಊಟದ ಹೊತ್ತಿಗೆ ಖಟಕ್ ಖಟಕ್ ನಿಂತಿತು.
‘ಈಗ ಒತ್ರಿ!’

ಒತ್ತಿದೆ.
ಒಳಗ ದೀಪ ಹತ್ತಿತು, ಗಾಜಿನ ತಾಟು ತಿರುಗಿತು,
ಮೂರು ಬಟಾಟಿ ಕಟಗಟಿಯಲ್ಲಿ ನಿಂತವರಂಗ
ಸಾವಕಾಶ ಮೈ ತೋರಿಸಿದವು.
ಉರಿ ಇಲ್ಲ, ಹೊಗಿ ಇಲ್ಲ.
ನಾಕು ನಿಮಿಷಕ್ಕ ಹೊರಳಿಸಿ ಇಟ್ಟೆ, ಮತ್ತ ಮೂರು.
ಆಕಿ ಅಂಕಿ ಎಣಿಸಿದಳು, ನಾನು ಉಸಿರು ಹಿಡಿದೆ.

ಟಣ್.

‘ಮುಟ್ಟಬ್ಯಾಡ್ರಿ, ಎರಡು ನಿಮಿಷ ಸುಮ್ಮನ ಇರಲಿ,
ತನ್ನ ಬಿಸಿಗೆ ತಾನ ಬೇಯತದ.’
ಅಂಗುಸ್ತಾನದ ಬೆರಳಿಂದ ಒತ್ತಿದೆ, ಅರಳಿತು;
ಹಿಟ್ಟು ಹಿಟ್ಟು, ಒಳಗ ಹಳದಿ.
ಮ್ಯಾಲೆ ಎರಡು ಚಮಚ ಮೊಸರು,
ಮಹಾನಂದಾ ಹಬ್ಬಕ್ಕ ಕುಟ್ಟಿಟ್ಟ ಶೇಂಗಾ ಹಿಂಡಿ,
ಹುರಿದ ಜೀರಿಗಿ, ಕೊತಂಬರಿ, ಅರ್ಧಾ ಲಿಂಬಿ.
ಒಂದು ತೊಟ್ಟು ಎಣ್ಣಿ ಇಲ್ಲ.

ತಂಗಳ ಭಕ್ಕರಿ ಮುರಿದು ಆಕಿ ಬಾಯಿಗೆ ಒಯ್ದೆ.
ಮೂವತ್ತು ವರ್ಷದಾಗ ಇದೇ ಮೊದಲು, ಇಬ್ಬರಿಗೂ ನಾಚಿಕಿ.
ಅಗಿದಳು. ಕಣ್ಣು ಮುಚ್ಚಿದಳು.
‘ಉಪ್ಪು ಕಡಿಮಿ.’
‘ಅದು ನನ್ನ ಪಾಲಿಂದು’ ಅಂದೆ.
‘ಹಂಗಾದರ ಈ ಕಟ್ಟು ಬಿಚ್ಚಿದ ಮ್ಯಾಲೂ
ಸೋಮವಾರ, ಗುರುವಾರ ನಿಮ್ಮ ಪಾಲಿಂದ.’

ಆಚಿ ಕಡೆ ಮಗ್ಗ ಮತ್ತ ಸುರು ಆದವು, ಬಲ್ಬು ಕಣ್ಣು ಕಿರಿದು ಮಾಡಿತು.

ಮರುದಿನ ಮುಂಜಾನೆ ಟ್ರಯಲ್‌ಗೆ ಬಂದ ಪೋಸ್ಟಿನ ಸಾಹೇಬರು
ಕೈ ಎತ್ತಿದವರು ಮೂಗು ಅರಳಿಸಿದರು:
‘ಏನ್ ಮಾಸ್ತರ, ಕೋಟು ಜೀರಿಗಿ ನಾರತದಲ್ಲ?’
ಟೇಪು ಅವರ ಎದಿ ಸುತ್ತ ಬಿಗಿ ಮಾಡಿ ಹೇಳಿದೆ:
ಮಾತಾಡಬ್ಯಾಡ್ರಿ, ಅಳತಿ ತಪ್ಪತದ.