ಅರವತ್ತಮೂರನೆಯ ಪುಟ

ಕಿಲ್‌ಡರೀನ್ ಡೇರಿಯಲ್ಲಿ ಮೂವತ್ತೊಂದು ವರ್ಷ
ಕ್ಯಾನು ತೂಗಿ ಚೀಟಿ ಬರೆದವಳು ಒನೋರಾ ಹೆಶನ್.
ಚೀಟಿಯ ಮುಂದೆ ಹಾಲು: ಇಷ್ಟು ಗ್ಯಾಲನ್, ಇಷ್ಟು ಕೊಬ್ಬು.
ಹಿಂದೆ, ಚರಿತ್ರೆ.

ಚೀಟಿ ಚಿಕ್ಕದು, ಹಾಗಾಗಿ ವಾಕ್ಯವೂ ಚಿಕ್ಕದು.
‘ಈ ಬಾವಿಗೊಂದು ಹೆಸರಿತ್ತು.
ಹೆಸರಿಟ್ಟವರು ಹಡಗು ಹತ್ತಿದರು. ಬಾವಿ ಇದೆ.’
ಅಷ್ಟೇ. ಮುಂದಿನ ಕ್ಯಾನು.

ಬೇರೆಯವರು ದಂಗೆಗಳನ್ನು ಬರೆದರು,
ಗಲ್ಲಿಗೇರುವವರು ಆಡಿದ ದೊಡ್ಡ ಮಾತುಗಳನ್ನು.
ಇವಳು ಬೇಲಿ ಬರೆದಳು: ಯಾವ ಕಲ್ಲುಗೋಡೆ
ಯಾವ ವರ್ಷ ಎಷ್ಟು ಮೊಳ ಸರಿಯಿತು,
ಯಾರು ಕಂಡೂ ಕಾಣದಂತಿದ್ದರು.
ಭಾನುವಾರ ಪೂಜೆ ಮುಗಿದರೆ ಸೈಕಲ್ಲು,
ಹ್ಯಾಂಡಲಿಗೆ ನೇತಾಡುವ ಅಳತೆ ಟೇಪು,
ಮುದುಕರ ಅಡುಗೆಮನೆಗಳಲ್ಲಿ ಕಪ್ಪು ಚಹಾ.
ಅವರು ಐರಿಷಿನಲ್ಲಿ ಶುರುಮಾಡಿ, ನಾಚಿ,
ಇಂಗ್ಲಿಷಿಗೆ ದಾಟಿ, ಅಲ್ಲಿ ಮಾತು ಸಿಗದೆ
ಮರಳಿ ಬರುವ ತನಕ ಕಾಯುವಳು.
ಅವಸರವಿಲ್ಲ, ಸತ್ತವರೇನೂ ಎದ್ದು ಹೋಗುವುದಿಲ್ಲ, ಎನ್ನುವಳು.

ಮದುವೆಗೆ ಕೇಳಿದ್ದನಂತೆ ಒಬ್ಬ ಪಶುವೈದ್ಯ.
ಅವನ ಪತ್ರದ ಹಿಂಬದಿಯಲ್ಲೂ
ಮೂರು ಹೊಲಗಳ ಹೆಸರಿವೆ.

ಒಂದು ಜನವರಿ, ಕ್ಯಾಸಲ್‌ಬಾರಿನ ನೆಲಮಾಳಿಗೆ.
ಕೈಗವಸಿನ ಬೆರಳು ಕತ್ತರಿಸಿಕೊಂಡು
ಜಮೀನ್ದಾರನ ಲೆಕ್ಕದ ಪುಸ್ತಕ ತಿರುವುತ್ತಿದ್ದಾಳೆ.
ಆಲೂಗಡ್ಡೆ ಕೊಳೆತ ಎರಡನೆಯ ವರ್ಷ,
ವಿಧವೆ ಬ್ರಿಜಿಡ್ ಡರ್ಕನ್, ಐದು ಮಕ್ಕಳು, ಹೊರಗೆ.
ಸೂರಿನ ತೊಲೆಗೆ ಹಗ್ಗ ಕಟ್ಟಿ ಎಳೆದವರು ಹನ್ನೊಂದು ಜನ,
ತಲೆಗೆ ನಾಲ್ಕು ಪೆನ್ನಿ.
ಮೊದಲ ಹೆಸರು ತೊಮಾಸ್ ಹೆಶನ್.
ಅವಳ ಮುತ್ತಜ್ಜ.

ಅವಳು ಅಂಗಿಯ ತೋಳಿನಿಂದ ಮೂಗೊರೆಸಿಕೊಂಡಳು,
ಹನ್ನೊಂದನ್ನೂ ನಕಲು ಮಾಡಿಕೊಂಡಳು.
ಮರುದಿನ ಅದೇ ಮನೆಗಳ ಕ್ಯಾನು ತೂಗಿದಳು.
ಒಂದು ಹನಿ ಹೆಚ್ಚಿಲ್ಲ, ಒಂದು ಹನಿ ಕಡಿಮೆಯಿಲ್ಲ.

ಪುಸ್ತಕ ಒಂದೇ, ಇನ್ನೂರು ಪ್ರತಿ.
ಅಚ್ಚು ಹಾಕಿದವನು ಸಾವಿನ ಕಾರ್ಡುಗಳವನು,
ಅಭ್ಯಾಸಬಲದಿಂದ ಮೊದಲ ಪುಟಕ್ಕೆ ಕಪ್ಪು ಅಂಚು ಕೊಟ್ಟುಬಿಟ್ಟ.
ಇರಲಿ ಬಿಡು, ಎಂದಳು.
ಹದಿನೈದೇ ದಿನಕ್ಕೆ ಎಲ್ಲ ಖರ್ಚು!
ಒಂದು ವಾರ ಅವಳು ಹಿಗ್ಗಿದಳು.

ಸುಡಲಿಲ್ಲ ಯಾರೂ. ಹೇಗೆ ಸುಟ್ಟಾರು?
ಅದರಲ್ಲಿ ಅವರವರ ಬಾವಿಗಳ ಹೆಸರಿತ್ತು.
ಸ್ಕೇಲು ಇಟ್ಟು, ನೀಟಾಗಿ, ಒಂದೇ ಹಾಳೆ.

ಆಮೇಲೆ ಡೇರಿಯಲ್ಲಿ ಮಾತು ನಿಂತಿತು, ಹಾಲು ನಿಲ್ಲಲಿಲ್ಲ.
ಅವಳು ತೀರಿಕೊಂಡಾಗ ಹತ್ತೂ ಮನೆಯವರು ಬಂದರು.
ನಮ್ಮಲ್ಲಿ ಹಾಗೆಯೇ, ಮಾತು ಬಿಟ್ಟವರೂ
ಹೆಗಲು ಬಿಡುವ ಹಾಗಿಲ್ಲ.

ನಾನು ಜಿಲ್ಲಾ ಗ್ರಂಥಾಲಯದಲ್ಲಿ ಬೈಂಡು ರಿಪೇರಿಯವನು.
ನನ್ನ ಮೇಜಿಗೆ ಈವರೆಗೆ ಒಂಬತ್ತು ಪ್ರತಿ ಬಂದಿವೆ.
ಒಂಬತ್ತರಲ್ಲೂ ಅರವತ್ತೆರಡು ಆದಮೇಲೆ ಅರವತ್ತೈದು,
ನಡುವೆ ಬೆರಳಿಗೆ ತಾಗುವ ಅಂಚು,
ಸಾಲುಗಳ ಮೊದಲಕ್ಷರ ಮಾತ್ರ:
ಹಲ್ಲು ಬಿದ್ದ ಬಾಯಿ ಏನೋ ಹೇಳಹೊರಟ ಹಾಗೆ.

ಎಲ್ಲರಿಗೂ ಅರವತ್ತಮೂರೇ ಚಿಂತೆ.
ಹಾಳೆಗೆ ಬೆನ್ನೊಂದಿರುತ್ತದೆ,
ಅರವತ್ತನಾಲ್ಕರಲ್ಲಿ ಏನಿತ್ತು
ಎಂದು ನನಗೂ ಹೊಳೆದಿರಲಿಲ್ಲ,
ಡೇರಿ ಕೆಡವುವಾಗ ಸಿಕ್ಕ ಬಿಸ್ಕತ್ತಿನ ಡಬ್ಬಿ
ಯಾರೋ ತಂದು ಇಲ್ಲಿ ಕುಕ್ಕುವ ತನಕ.
ಆರುನೂರು ಚೀಟಿ. ಒಂದರ ಹಿಂದೆ ‘೬೪ಕ್ಕೆ’ ಎಂಬ ಗುರುತು,
ಪೆನ್ಸಿಲಿನಲ್ಲಿ ಅವಳ ಕೈ:

‘ಹಗ್ಗ ಎಳೆದ ರಾತ್ರಿ, ಮರುರಾತ್ರಿ, ಮೂರನೆಯ ರಾತ್ರಿ
ಗೋಡೆಯ ಮೇಲೆ ಒಂದು ಬೋಗುಣಿ ಓಟ್ಸ್ ಗಂಜಿ.
ಇಟ್ಟವರು ಮಲ್‌ಕ್ರೋನ್ ಮನೆಯವರು, ಪಟ್ಟಿಯಲ್ಲಿ ಏಳನೆಯವರು.
ಬೋಗುಣಿ ದಿನವೂ ವಾಪಸು ಬಂತು. ತೊಳೆದು.’

ಮಲ್‌ಕ್ರೋನ್ ಎಂದರೆ ನಾವು.
ನಮ್ಮ ಮನೆಯ ಪ್ರತಿಯಲ್ಲಿ ಹಾಳೆ ಕತ್ತರಿಸಿದ್ದು ನನ್ನಜ್ಜ,
ಆ ಸ್ಕೇಲು ಈಗಲೂ ನನ್ನ ಡ್ರಾಯರಿನಲ್ಲಿದೆ.

ಚೀಟಿ ತಿರುಗಿಸಿದೆ.
ಅಜ್ಜನ ಹೆಸರೇ. ಜೂನ್ ಒಂಬತ್ತು.
ನಾಲ್ಕು ಗ್ಯಾಲನ್. ಕೊಬ್ಬು ಕಡಿಮೆ.
ಕೆಳಗೆ, ಅದೇ ಪೆನ್ಸಿಲು:
‘ನೀರು ಬೆರೆಸಿದ್ದಾರೆ.’