ಬಿಡಿ ಹಾಳೆ

ಕಿಸುಮು ಹೈಕೋರ್ಟಿನ ಹಿಂಬದಿ, ಜನರೇಟರಿನ ಪಕ್ಕ,
ಒಂದೇ ಕಿಟಕಿಯ ಕೋಣೆ ನನ್ನದು.
ಗೋಡೆಯಾಚೆ ಸರೋವರವಿದೆ ಎನ್ನುತ್ತಾರೆ;
ನನಗೆ ಕಾಣುವುದು ಅದರ ತೇವ ಮಾತ್ರ,
ಚರ್ಮದ ಬೆನ್ನಿನ ತೀರ್ಪುಗಳ ಮೇಲೆ
ಬೂದಿ ಬಣ್ಣದ ಬೂಷ್ಟಾಗಿ.

ತಿಂಗಳಿಗೊಮ್ಮೆ ನೈರೋಬಿಯಿಂದ ಪೊಟ್ಟಣ ಬರುತ್ತದೆ,
ಹೊಸ ಹಾಳೆಗಳು, ಜೊತೆಗೊಂದು ಅಪ್ಪಣೆ:
ನಲವತ್ತೊಂದರಿಂದ ನಲವತ್ತಾರು ತೆಗೆಯಿರಿ,
ನಲವತ್ತೊಂದರಿಂದ ನಲವತ್ತಾರು-ಬಿ ಸೇರಿಸಿರಿ.
ಉಕ್ಕಿನ ಉಂಗುರ ಬಾಯಿ ಬಿಡುತ್ತದೆ, ಕಟಕ್,
ಒಂದು ಕಾನೂನು ಹೊರಗೆ, ಒಂದು ಒಳಗೆ.
ಸದನದಲ್ಲಿ ಎಷ್ಟು ಗದ್ದಲವಾಗಿತ್ತೋ,
ಇಲ್ಲಿ ಇಷ್ಟೇ ಸದ್ದು.
ಒಮ್ಮೆ ಮಾತ್ರ ಬೆರಳು ಸಿಕ್ಕಿಕೊಂಡಿತ್ತು.

ತೆಗೆದದ್ದನ್ನು ಸುಟ್ಟುಬಿಡಿ ಎಂದಿದ್ದರು ಹಿಂದಿನ ರಿಜಿಸ್ಟ್ರಾರ್.
ಸುಡಲಿಲ್ಲ. ಕೆರಿಚೋದ ಟೀ ಪೆಟ್ಟಿಗೆಗಳಲ್ಲಿ
ವರ್ಷವಾರು ಕಟ್ಟಿಟ್ಟೆ.
ಇಪ್ಪತ್ತು ವರ್ಷದ ಹಿಂದೆ ಸತ್ತವನ ಹೊಲಕ್ಕೆ
ಆ ದಿನ ಬದುಕಿದ್ದ ಕಾನೂನೇ ಬೇಕು.
ಇದು ವಕೀಲರಿಗೆ ಗೊತ್ತು. ಗೆದ್ದಲಿಗೂ ಗೊತ್ತು;
ಅದು ಹಳೆಯದರಿಂದಲೇ ಶುರು ಮಾಡುತ್ತದೆ.

ವಕೀಲರ ವಿಷಯ ಬಂತಲ್ಲ:
ಓಗೋಲಾ ಪುಟದ ಕಿವಿ ಮಡಚುತ್ತಾನೆ.
ಮುದುಕ ಜೀವರಾಜ್ ಹನ್ನೆರಡನೇ ಸಂಪುಟವನ್ನು
ಕೋಟಿನೊಳಗೆ ಒಯ್ದ, ಕೇಸು ಗೆದ್ದ ಮೇಲೆ ತಂದಿಟ್ಟ.
ಸೋತಿದ್ದರೆ?

ಬಾಗಿಲಿಗೊಂದು ಬೋರ್ಡಿದೆ, ಮೂರು ಭಾಷೆಯಲ್ಲಿ,
ನನ್ನದೇ ಕೈಬರಹ:
ಇಲ್ಲಿ ಸಲಹೆ ಕೊಡಲಾಗುವುದಿಲ್ಲ.

ಮಂಗಳವಾರ ಅವಳು ಬಂದಳು, ಅಹೇರೋದ ಗದ್ದೆಯಿಂದ,
ಡೋರ್ಕಸ್ ಅಡೋಯೊ. ಚಪ್ಪಲಿ ಹೊಸಿಲಾಚೆ ಬಿಟ್ಟಳು,
ಇಲ್ಲಿ ಯಾರೂ ಬಿಡುವುದಿಲ್ಲ.
ಕೂದಲಲ್ಲಿ ಭತ್ತದ ಹೊಟ್ಟು.
'ಮೈದುನ ಬೇಲಿ ಕಿತ್ತು ಒಳಗೆ ತಂದು ನೆಟ್ಟಿದ್ದಾನೆ.
ಪುಸ್ತಕ ಏನನ್ನುತ್ತದೆ?'

ಪುಸ್ತಕ ಕೊಡಬಲ್ಲೆ, ಅರ್ಥ ಕೊಡಲಾರೆ
ಎಂದು ಬೋರ್ಡು ತೋರಿಸಿದೆ.
'ಹಾಗಾದರೆ ಓದು' ಎಂದಳು.

ಓದುವುದು ಸಲಹೆಯಲ್ಲ.
ಇಂಗ್ಲಿಷಿನಲ್ಲಿ ಓದಿದೆ. ತಲೆಯಾಡಿಸಿದಳು,
ತಿಳಿಯದ ಪ್ರಾರ್ಥನೆಗೆ ಆಡಿಸುವ ಹಾಗೆ.
ಮತ್ತೆ ಮೊದಲಿನಿಂದ, ನಮ್ಮ ಲುವೊ ಮಾತಿನಲ್ಲಿ.
'ಬದುಕುಳಿದ ಸಂಗಾತಿ' ಎಂದಿತ್ತು ಕಲಮು.
ಅಲ್ಲೇ ನಿಂತೆ.

ನಮ್ಮಲ್ಲಿ ಅಂಥವಳಿಗೆ ಹೆಸರಿದೆ: ಚಿ ಲಿಯೆಲ್,
ಗೋರಿಯ ಹೆಂಡತಿ.
ಅಜ್ಜಿಯನ್ನು ಹಾಗೆ ಕರೆದರು, ಅಮ್ಮನನ್ನು ಹಾಗೆ ಕರೆದರು,
ನೀರು ತರುವಾಗ, ಜೋಳ ಅಳೆದು ಕೊಡುವಾಗ,
ಅದರಲ್ಲಿ ಬೈಗುಳವೇನೂ ಇರಲಿಲ್ಲ.
ಆದರೆ ಮೈದುನನ ಬೇಲಿಯ ಗೂಟ
ನೆಟ್ಟಿರುವುದು ಆ ಪದದೊಳಗೇ.
ಅದನ್ನೇ ಹೇಳಿದರೆ ಸಲಹೆ.
ಬೇರೆ ಹೇಳಿದರೂ ಸಲಹೆ.
ಇಪ್ಪತ್ತಾರು ವರ್ಷದ ನೌಕರಿ;
ಯಾವ ನ್ಯಾಯಾಧೀಶರಿಗೂ ಒಂದು ಪದವನ್ನು
ಇಷ್ಟು ಹೊತ್ತು ಹುಡುಕಿಕೊಟ್ಟವಳಲ್ಲ.

'ಏನಿದೆ ಅಲ್ಲಿ? ಅಕ್ಷರ ಅಳಿಸಿದೆಯಾ?'

'ಉಳಿದವಳು' ಎಂದೆ. 'ಉಳಿದವಳು ಎಂದಿದೆ.'

ಬಾಯಲ್ಲಿ ಅದನ್ನು ಹೊರಳಿಸಿದಳು, ಮೆಲ್ಲಗೆ,
ಅನ್ನದಲ್ಲಿ ಕಲ್ಲಿದೆಯೇ ಎಂದು ನೋಡುವವರ ಹಾಗೆ.
ಸಿಗಲಿಲ್ಲವೆಂದು ಕಾಣುತ್ತದೆ.
ಗಂಡ ಸತ್ತ ವರ್ಷ ಹೇಳಿದಳು, ನಾನು ಕೇಳದೆಯೇ.
ಟೀ ಪೆಟ್ಟಿಗೆ ಬಿಚ್ಚಿದೆ, ಆ ವರ್ಷದ್ದು ಇತ್ತು,
ಅಂಚು ಗೆದ್ದಲಿಗೆ, ಅಕ್ಷರ ಅವಳಿಗೆ.
ಎರಡು ಪುಟ ನಕಲು, ಹತ್ತು ಶಿಲ್ಲಿಂಗ್.
ಸೆರಗಿನ ಗಂಟಿನಿಂದ ಎಣಿಸಿ ಕೊಟ್ಟಳು,
ನಾಣ್ಯ ಬೆಚ್ಚಗಿದ್ದವು.

ರಿಜಿಸ್ಟರಿನಲ್ಲಿ ಬರೆದೆ: ನಕಲು, ಎರಡು.
ಬೋರ್ಡಿನ ಧೂಳು ಒರೆಸಿದೆ.

ಕೇಸು ಏನಾಯಿತೋ ತಿಳಿಯದು.
ಗ್ರಂಥಪಾಲಕಿಗೆ ತೀರ್ಪು ತಲುಪುವುದು
ಮೂರು ನಾಲ್ಕು ವರ್ಷ ಕಳೆದು, ಬೈಂಡಾಗಿ,
ಬೆನ್ನಿಗೆ ಚಿನ್ನದ ಅಂಕಿ ಹೊತ್ತು, ಅದೂ ಬಂದರೆ.
ಬಂದ ದಿನ ಯಾರು ಗೆದ್ದರೆಂದು ಆಮೇಲೆ ನೋಡುತ್ತೇನೆ.
ಅವಳನ್ನು ಏನೆಂದು ಕರೆದಿದ್ದಾರೆ,
ಮೊದಲು ಅದು.